ಎರಡು ಗೀಟು, ಮೂರು ಚುಕ್ಕಿ

ಹೇಳಿಕೊಳ್ಳಲು ನಾಚಿಕೆಯಾಗುತ್ತದೆ. ಆದರೆ ನಮ್ಮೂರು ಮೇಲವಂಕಿಯಲ್ಲಿ ಈ ಕಥೆಯನ್ನು ಹೇಳುವವರು ಈಗಾಗಲೇ ಹತ್ತು ಜನರಿದ್ದಾರೆ, ಒಬ್ಬೊಬ್ಬರೂ ತಮ್ಮ ಕೈಯಿಂದ ಒಂದಿಷ್ಟು ಉಪ್ಪುಖಾರ ಹಾಕಿ ಹೇಳುತ್ತಿದ್ದಾರೆ. ಹಿಟ್ಟಿನ ಗಿರಣಿಯ ಅಣ್ಣಪ್ಪ ಹೇಳುವ ಕಥೆಯಲ್ಲಿ ನಾನು ಜೈಲಿಗೂ ಹೋಗಿ ಬಂದಿದ್ದೇನೆ. ಅದಕ್ಕಿಂತ ನಡೆದದ್ದನ್ನು ನಡೆದಂತೆ ನಾನೇ ಹೇಳಿಬಿಡುವುದು ವಾಸಿ.

ನನ್ನ ಹೆಸರು ಮೈನೋದ್ದೀನ. ಹುಕ್ಕೇರಿಯ ಒಂದು ಸರಕಾರಿ ಕಚೇರಿಯಲ್ಲಿ ಮೂವತ್ತೊಂದು ವರ್ಷ ಸಿಪಾಯಿಯಾಗಿದ್ದು ನಿವೃತ್ತನಾದವನು. ಸಿಪಾಯಿಯ ಕೆಲಸವೆಂದರೆ ಫೈಲು ಒಯ್ದು ಸಾಹೇಬರ ಮುಂದಿಡುವುದು, ಸಹಿಯಾಗುವವರೆಗೆ ಕೈಕಟ್ಟಿ ನಿಲ್ಲುವುದು, ಶಾಯಿ ಒಣಗಿತೇ ಎಂದು ನೋಡಿಕೊಂಡು ಹೊರಗೆ ತರುವುದು. ಹೀಗೆ ಏಳು ಸಾಹೇಬರ ಸಹಿಗಳನ್ನು ನೋಡಿದೆ. ನನ್ನದು ಮಾತ್ರ ಹಾಜರಿ ಪುಸ್ತಕದ ಚಿಕ್ಕ ಚೌಕದೊಳಗೆ 'ಮೈನೋ' ಎಂದು ಮುಗಿದುಹೋಗುತ್ತಿತ್ತು. ಅಲ್ಲಿ ಪೂರ್ತಿ ಹೆಸರಿಗೆ ಜಾಗವಿರಲಿಲ್ಲ.

ಬಾಗಿಲಲ್ಲಿ ನಿಂತು ಬಂದವರನ್ನು ಸಾಲು ಹಚ್ಚುವುದೂ ನನ್ನದೇ ಕೆಲಸವಾಗಿತ್ತು. "ಸಹಿ ಮಾಡಾವ್ರು ಈ ಕಡೆ ಬರ್ರಿ, ಹೆಬ್ಬೆಟ್ಟಿನ ಮಂದಿ ಆ ಕಡೆ ನಿಲ್ರಿ!" ಎಂದು ಕೂಗುತ್ತಿದ್ದೆ. 'ಹೆಬ್ಬೆಟ್ಟಿನ ಮಂದಿ' ಎನ್ನುವಾಗ ನನ್ನ ದನಿ ಸ್ವಲ್ಪ ಏರುತ್ತಿತ್ತೆಂದು ಈಗ ನೆನಪಾಗುತ್ತದೆ.

ನಿವೃತ್ತನಾದ ಮೇಲೆ ನನಗೂ ಒಂದು ಭಾರಿ ಸಹಿ ಇರಬೇಕೆನ್ನಿಸಿತು. ಮೊದಲನೆಯ ಸಾಹೇಬರಿಂದ ತಲೆಯ ಸುತ್ತು ತೆಗೆದುಕೊಂಡೆ, ಮೂರನೆಯವರಿಂದ ನಡುವಿನ ಬಳುಕು, ಐದನೆಯವರಿಂದ ಬಾಲ, ಏಳನೆಯವರಿಂದ ಕೆಳಗಿನ ಎರಡು ಗೀಟು. ಉಳಿದವರಿಗೆ ಅನ್ಯಾಯವಾಗಬಾರದೆಂದು ಅವರವರ ಒಂದೊಂದು ಸೊಟ್ಟು. ಕೊನೆಗೆ ಮೂರು ಚುಕ್ಕಿ. ಅದರಲ್ಲಿ ಎಲ್ಲವೂ ಇತ್ತು, ನನ್ನ ಹೆಸರೊಂದು ಇರಲಿಲ್ಲ.

ಅದನ್ನು ಕ್ಯಾಲೆಂಡರಿನ ಹಿಂದೆ, ಔಷಧದ ಪೊಟ್ಟಣದ ಮೇಲೆ, ಬಂದ ಮದುವೆಯ ಪತ್ರಿಕೆಗಳ ಬೆನ್ನಿಗೆ ಬರೆದು ಬರೆದು ರೂಢಿ ಮಾಡಿದೆ. ಒಂದು ದಿನ ಹಿಟ್ಟಿನ ಡಬ್ಬಿಯ ಮುಚ್ಚಳದ ಮೇಲೂ ಮಾಡಿದೆ. ನನ್ನ ಹೆಂಡತಿ ಸಾಹಿರಾ ಆ ಮುಚ್ಚಳ ನೋಡಿ, "ಏನ್ರಿ, ಹಿಟ್ಟ ಮಂಜೂರ ಆತೇನು? ರೊಟ್ಟಿ ಬಡೀಲ್ಯಾ?" ಎಂದಳು.

ಅಷ್ಟು ಕಷ್ಟಪಟ್ಟು ಸಹಿ ಸಿದ್ಧವಾಗುವ ಹೊತ್ತಿಗೆ ಜಗತ್ತು ಸಹಿ ಕೇಳುವುದನ್ನು ಬಿಟ್ಟಿತ್ತು. ರೇಷನ್ ಅಂಗಡಿಯಲ್ಲಿ ಹೆಬ್ಬೆಟ್ಟು. ಪಿಂಚಣಿಗೆ ನಾನು ಬದುಕಿದ್ದೇನೆಂದು ತೋರಿಸಲು ಹೆಬ್ಬೆಟ್ಟು. ಸಿಮ್ ಕಾರ್ಡಿಗೂ ಅದೇ. ಗ್ಯಾಸಿನವನು ಮೊಬೈಲಿಗೆ ಬಂದ ನಂಬರು ಹೇಳಿರೆಂದ. ಸಹಿ ಕೇಳುವ ಒಂದೇ ಜಾಗ ಉಳಿದಿತ್ತು, ರಿಜಿಸ್ಟರ್ ಟಪಾಲು. ಕಾಗದ ಮುಟ್ಟಿತೆಂದು ಅದರ ಜೊತೆಗಿನ ಕಾರ್ಡಿನ ಮೇಲೆ ಸಹಿ ಹಾಕಿಸಿ ಕಳಿಸಿದವರಿಗೆ ತಿರುಗಿ ಕಳಿಸುತ್ತಾರೆ. ನಮ್ಮ ಕಡೆ ಆ ಕಾರ್ಡಿಗೆ ಪೋಚ್ ಎನ್ನುತ್ತೇವೆ. ಆದರೆ ನನಗೆ ರಿಜಿಸ್ಟರ್ ಕಳಿಸುವವರು ಯಾರು? ನನಗೆ ನಾನೇ ಒಂದು ಕಳಿಸಿಕೊಳ್ಳಬೇಕೆಂದು ಹೊರಟಿದ್ದೆ, ಸಾಹಿರಾ ಚಪ್ಪಲಿ ಬಚ್ಚಿಟ್ಟಳು.

ಹೀಗಿರುವಾಗ ನಮ್ಮೂರಿಗೆ ಟಪಾಲು ಹಂಚುವ ಮಾಯಪ್ಪ ಮಗಳ ಮದುವೆಗೆಂದು ಹದಿನೈದು ದಿನ ರಜೆ ಹಾಕಿದ. ಅವನ ಬದಲಿಗೆ ಭಾಗ್ಯಾ ಎಂಬ ಹುಡುಗಿ ಬಂದಳು. ಊರಿಗೆ ಹೊಸಬಳು, ಯಾರ ಮುಖವೂ ಗೊತ್ತಿಲ್ಲ. ಒಂದು ಮಧ್ಯಾಹ್ನ ನಮ್ಮ ಬಾಜೂ ಮನೆಯ ಬೀಗ ನೋಡಿ, ಕಟ್ಟೆಯ ಮೇಲೆ ಕುಳಿತಿದ್ದ ನನ್ನ ಹತ್ತಿರ ಬಂದಳು.

"ಶಿವಕುಮಾರ ಅಂದ್ರ ಯಾರ್ರಿ? ರಿಜಿಸ್ಟರ್ ಐತಿ. ಅವರದ ಸಹಿ ಬೇಕ್ರಿ."

ಬಾಜೂ ಮನೆಯ ಶಿವಕುಮಾರ ಗೋಕಾಕದಲ್ಲಿ ಪಂಪ್‌ಸೆಟ್ಟಿನ ಮೋಟಾರು ರಿಪೇರಿ ಮಾಡುವವನು, ಬೆಳಿಗ್ಗೆ ಹೋದರೆ ಸಂಜೆಗೇ ಬರುವುದು. ತಾಯಿ ಉದ್ದವ್ವ ಹೊಲಕ್ಕೆ ಹೋಗಿದ್ದಳು. ಇಷ್ಟು ಹೇಳಿದ್ದರೆ ಮುಗಿಯುತ್ತಿತ್ತು. ಆದರೆ ಅವಳ ಕೈಯಲ್ಲಿ ಪೆನ್ನಿತ್ತು, ಕಾರ್ಡಿನ ಮೇಲೆ ಮೂರು ಬೆರಳಗಲ ಖಾಲಿ ಜಾಗವಿತ್ತು. ಕೈ ತಾನಾಗಿ ಮುಂದೆ ಹೋಯಿತು.

ಭಾಗ್ಯಾ ನನ್ನ ಮೆಹಂದಿ ಹಚ್ಚಿದ ಗಡ್ಡ ನೋಡಿದಳು. "ಶಿವಕುಮಾರ ಅಂದ್ರ ನೀವ ಏನ್ರಿ?"

"ಯಾಕ, ಕಾಣಸಂಗಿಲ್ಲೇನು?" ಎಂದೆ.

ಗಮನಿಸಬೇಕು, ನಾನು ಹೌದೆಂದು ಹೇಳಲಿಲ್ಲ. ಈ ಮಾತನ್ನು ಆಮೇಲೆ ಹಿರಿಯರ ಮುಂದೆಯೂ ಹೇಳಿ ನೋಡಿದೆ, ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ. ಹುಡುಗಿ ಕಾರ್ಡು ಕೊಟ್ಟಳು, ನಾನು ಸಹಿ ಮಾಡಿದೆ. ತಲೆಯ ಸುತ್ತು, ಬಳುಕು, ಬಾಲ, ಎರಡು ಗೀಟು, ಮೂರು ಚುಕ್ಕಿ. ಅಷ್ಟು ಚಂದದ ಸಹಿ ನನ್ನ ಕೈಯಿಂದ ಹಿಂದೆ ಬಂದಿರಲಿಲ್ಲ. "ಭಾಳ ದೊಡ್ಡ ಸಹಿ ಐತ್ರಿ," ಎಂದಳು ಭಾಗ್ಯಾ. ನಾನು ಆಕಾಶದಲ್ಲಿದ್ದೆ.

ಲಕೋಟೆಯನ್ನು ಗೂಟಕ್ಕೆ ತೂಗುಹಾಕಿದ್ದ ನನ್ನ ಹಳೆಯ ಖಾಕಿ ಕೋಟಿನ ಒಳಕಿಸೆಗೆ ಇಟ್ಟೆ. ಕಚೇರಿಯ ಮಹತ್ವದ ಕಾಗದಗಳೆಲ್ಲ ಅಲ್ಲೇ ಇರುತ್ತಿದ್ದವು. ಸಂಜೆ ಕೊಟ್ಟರಾಯಿತೆಂದುಕೊಂಡೆ. ಅಷ್ಟರಲ್ಲಿ ಮೂಡಲಗಿಯಿಂದ ಫೋನು ಬಂತು, ಮಗಳು ಫರೀನಳಿಗೆ ಹೆರಿಗೆಯಾಗಿದೆ ಎಂದು. ಸಾಹಿರಾಳನ್ನು ಕರೆದುಕೊಂಡು ಹೋದವನು ಮೊಮ್ಮಗನ ಮುಖ ನೋಡುತ್ತ ಒಂಬತ್ತು ದಿನ ಅಲ್ಲೇ ಉಳಿದೆ. ಲಕೋಟೆ ನನ್ನ ಮನಸ್ಸಿನಿಂದ ಪೂರ್ತಿ ಹೋಯಿತು. ಕಚೇರಿಯಲ್ಲೂ ಹಾಗೇ ಇತ್ತು, ಸಹಿಯಾದ ಮೇಲೆ ಕಾಗದದ ಚಿಂತೆ ಯಾರೂ ಮಾಡುತ್ತಿರಲಿಲ್ಲ.

ಮೂಡಲಗಿಯಿಂದ ಬಂದ ಎರಡನೆಯ ದಿನ ಶಿವಕುಮಾರ ಬಿರುಗಾಳಿಯಂತೆ ಬಂದ. ಹಿಂದೆ ಉದ್ದವ್ವ, ಅವಳ ಹಿಂದೆ ಗಿರಣಿ ಬಂದ್ ಮಾಡಿಕೊಂಡು ಅಣ್ಣಪ್ಪ.

ಇಲ್ಲಿ ಒಂದು ವಿಷಯ ಹೇಳಬೇಕು. ಶಿವಕುಮಾರನ ಹೆಂಡತಿ ಮಯೂರಿ ಪಂಚಮಿ ಹಬ್ಬಕ್ಕೆಂದು ತವರೂರಾದ ಹತ್ತರಗಿಗೆ ಹೋಗಿದ್ದಳು. ಹೀಗೆ ಹೋದ ಹೆಂಡತಿಯನ್ನು ಗಂಡ ಹೋಗಿ ಕರೆದು ತರಬೇಕು, ತಾನಾಗಿ ಬರುವುದು ಅವಳಿಗೆ ಮರ್ಯಾದೆಯಲ್ಲ. ಇವನಿಗೆ ಮೋಟಾರು ಕೆಲಸದ ಗಡಿಬಿಡಿ. ಫೋನು ಮಾಡಿ, "ಹೋದಂಗ ಬಸ್ ಹತ್ತಿ ಬಾ," ಎಂದ. ಅವಳು, "ನಾ ಏನ ಪಾರ್ಸಲ್ ಏನು, ಬಸ್ಸಿಗೆ ಹಾಕಿ ಕಳಿಸಾಕ?" ಎಂದಳು. ಅಲ್ಲಿಗೆ ಫೋನು ಬಂದ್ ಆಯಿತು. ಎರಡು ತಿಂಗಳಾಗಿತ್ತು.

"ಕಾಕಾ," ಎಂದ ಶಿವಕುಮಾರ ಏದುಸಿರು ಬಿಡುತ್ತ, "ನೀವು ಕಚೇರ್ಯಾಗ ಇದ್ದಾವ್ರು, ನೀವ ಹೇಳ್ರಿ. ಒಬ್ಬರ ಹೆಸರಿಲೆ ಇನ್ನೊಬ್ಬ ಖೊಟ್ಟಿ ಸಹಿ ಹೊಡದ್ರ ಏನ್ ಶಿಕ್ಷಾ ಐತ್ರಿ?"

ಇಂಥ ಪ್ರಶ್ನೆಗಾಗಿ ನಿವೃತ್ತನಾದ ದಿನದಿಂದ ಕಾದಿದ್ದೆ. ಟೊಪ್ಪಿಗೆ ಸರಿಮಾಡಿಕೊಂಡು ಕುಳಿತೆ.

"ಏಳ ವರ್ಷ! ಕಮ್ಮಿ ಮಾತ ಇಲ್ಲ. ಕಳವು ಮಾಡಿದವನ್ನ ಮಾಫ್ ಮಾಡಬಹುದು, ಖೊಟ್ಟಿ ಸಹಿ ಮಾಡಿದವನ್ನ ಬಿಡಬಾರದು. ಅಂಥಾವನ ಮಾರಿ ಮ್ಯಾಲ ಮಸಿ ಬಳದು ಊರ ತುಂಬ ತಿರಿಗಿಸಬೇಕು!"

"ಹಂಗ ಹೇಳ್ರಿ ಕಾಕಾ!" ಎಂದ ಅಣ್ಣಪ್ಪ. "ಮಸಿ ನಾ ಕೊಡ್ತೀನಿ. ಕೂಡ್ರಸಾಕ ಕತ್ತೆ ನಮ್ಮ ಮಾವನ ಕಡೆ ಐತಿ."

"ಆ ಹರಾಮಖೋರ ಯಾಂವ ಅಂತ ನೀವ ಪತ್ತೆ ಹಚ್ಚಬೇಕ ನೋಡ್ರಿ," ಎಂದು ಶಿವಕುಮಾರ ಮೊಬೈಲ್ ನನ್ನ ಮುಂದೆ ಹಿಡಿದ.

ಫೋಟೋದಲ್ಲಿ ಒಂದು ಪೋಚ್ ಕಾರ್ಡು. ಅದರ ಮೇಲೆ ಎರಡು ಗೀಟು, ಮೂರು ಚುಕ್ಕಿ.

ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ. ನನ್ನ ಕೈ ತಾನಾಗಿ ಗಡ್ಡಕ್ಕೆ ಹೋಯಿತು. ಶಿವಕುಮಾರ ಹೇಳುತ್ತಲೇ ಇದ್ದ. ಮಯೂರಿಯ ಅಣ್ಣ ಮಾಲಿಂಗ ಹುಕ್ಕೇರಿಯಲ್ಲಿ ಕಚೇರಿಗಳ ಮುಂದೆ ಕುಳಿತು ಅರ್ಜಿ ಬರೆದುಕೊಡುವವನು, ಅವನಿಗೆ ಬಾಯಿಮಾತಿನ ಮೇಲೆ ನಂಬಿಕೆಯಿಲ್ಲ. ತಂಗಿಯ ಪತ್ರವನ್ನು ರಿಜಿಸ್ಟರ್ ಮಾಡಿ ಕಳಿಸಿದ್ದಾನೆ. ಪತ್ರ ಮುಟ್ಟಿದ ಎಂಟು ದಿನದೊಳಗೆ ಬಂದು ಕರೆದರೆ ಮಯೂರಿ ಬರುತ್ತಾಳೆ. ಬರದಿದ್ದರೆ ಇವನಿಗೆ ಅವಳು ಬೇಡವೆಂದು ಅರ್ಥ, ಮುಂದಿನದು ಕೋರ್ಟಿನ ಮಾತು. ಪೋಚ್ ಮಾಲಿಂಗನಿಗೆ ಹೋಗಿ ಮುಟ್ಟಿತ್ತು, ಎಂಟು ದಿನ ದಾಟಿದ ಮೇಲೆ ಅವನೇ ಅದರ ಫೋಟೋ ತೆಗೆದು ಕಳಿಸಿದ್ದ. ರವಿವಾರ ಹತ್ತರಗಿಯಲ್ಲಿ ಹಿರಿಯರು ಕೂಡುವವರಿದ್ದರು.

"ನನಗ ಕಾಗದ ಬಂದ ಇಲ್ರಿ ಕಾಕಾ! ಟಪಾಲಿನ ಬದಲಿ ಹುಡುಗಿನ್ನ ಕೇಳೂಣಂದ್ರ ಆಕಿ ತಿರಿಗಿ ಹೋಗ್ಯಾಳ. ಕಾಗದ ಬಂದಿದ್ರ ಓಡಿ ಹೋಗಿರ್ತಿದ್ನಿ," ಎಂದ. ಉದ್ದವ್ವ ಸೆರಗಿನಿಂದ ಕಣ್ಣೊರೆಸಿಕೊಂಡಳು.

ಆಗಲೇ ಹೇಳಬೇಕಿತ್ತು. ಅದರ ಬದಲು ಫೋಟೋವನ್ನು ದೂರ ಹಿಡಿದು ಹತ್ತಿರ ಹಿಡಿದು, "ಇದು... ಭಾಳ ಕಲಿತಾವನ ಸಹಿ ಐತಿ," ಎಂದುಬಿಟ್ಟೆ. ಅಂಥ ಹೊತ್ತಿನಲ್ಲೂ ನನ್ನನ್ನು ನಾನೇ ಹೊಗಳಿಕೊಂಡಿದ್ದನ್ನು ನೆನೆದರೆ ಈಗಲೂ ಮೈ ಹಿಡಿಯಾಗುತ್ತದೆ.

"ನೋಡಿದ್ರ್ಯಾ, ಕಾಕಾರಿಗೆ ಸಹಿ ಓದಾಕ ಬರ್ತೈತಿ," ಎಂದ ಅಣ್ಣಪ್ಪ. "ಶಿವಾ, ರವಿವಾರ ಇವರನ್ನೂ ಕರಕೊಂಡ ಹೋಗು. ಹಿರಿಯರ ಮುಂದ ಒಂದ ಮಾತ ಹೇಳ್ತಾರ."

ಅವರು ಹೋದ ಮೇಲೆ ಒಳಗಿನಿಂದ ಸಾಹಿರಾ ಹಿಟ್ಟಿನ ಡಬ್ಬಿಯ ಮುಚ್ಚಳ ತಂದು ನನ್ನ ತೊಡೆಯ ಮೇಲಿಟ್ಟಳು. ನಾನು ಎದ್ದು ಕೋಟಿನ ಕಿಸೆಗೆ ಕೈ ಹಾಕಿದೆ. ಲಕೋಟೆ ಅಲ್ಲೇ ಇತ್ತು.

"ಹೋಗಿ ಕೊಡ್ರಿ. ತಪ್ಪಾತು ಅನ್ರಿ," ಎಂದಳು.

ನಾನು ಹೋದೆ. ಆದರೆ ಬಾಗಿಲು ಬಡಿಯುವ ಧೈರ್ಯವಾಗಲಿಲ್ಲ. ಲಕೋಟೆಯನ್ನು ಬಾಗಿಲ ಸಂದಿಯಲ್ಲಿ ತೂರಿಸಿ, ಮನೆಗೆ ಬಂದು ಕಟ್ಟೆಯ ಮೇಲೆ ಕುಳಿತೆ. ಶಿವಕುಮಾರ ನೋಡುತ್ತಾನೆ, ಟಪಾಲಿನವರು ತಡಮಾಡಿ ಹಾಕಿದ್ದಾರೆಂದುಕೊಳ್ಳುತ್ತಾನೆ, ಎಲ್ಲವೂ ಸುಖಾಂತ. ಈ ಸುಖ ಎರಡು ನಿಮಿಷ ಇತ್ತು. ಶಿವಕುಮಾರ ಆಗಲೇ ಗೋಕಾಕಕ್ಕೆ ಹೋಗಿಬಿಟ್ಟಿದ್ದ. ಓದಲು ಬಾರದ ಉದ್ದವ್ವ ಲಕೋಟೆ ಹಿಡಿದುಕೊಂಡು ನೇರವಾಗಿ ನನ್ನ ಹತ್ತಿರವೇ ಬಂದಳು.

"ಯಣ್ಣಾ, ಯಾರೋ ಬಾಗಲದಾಗ ಇದನ್ನ ತುರಿಕಿ ಹೋಗ್ಯಾರ. ಏನೈತಿ ಓದಿ ಹೇಳು."

ನಾನು ಲಕೋಟೆ ತಿರುಗಿಸಿದೆ, ಮುರುಗಿಸಿದೆ. "ಕರೆಂಟಿನ ಕಾಗದ ಇದು. ನನ್ನ ಕಡೆ ಇರಲಿ, ನಾ ನೋಡ್ತೀನಿ," ಎಂದೆ.

"ನೀ ಅದಿ ಅಂತ ನಮಗೊಂದ ಧೈರ್ಯಾ ನೋಡಣ್ಣಾ," ಎಂದಳು ಉದ್ದವ್ವ. ಅವಳು ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ. ಲಕೋಟೆ ಮತ್ತೆ ಖಾಕಿ ಕೋಟಿಗೆ ಹೋಯಿತು.

ರವಿವಾರ ಬಂತು. ಸಾಹಿರಾ ಒಂದು ದೊಡ್ಡ ಚೀಲ ಹಿಡಿದು, "ನಾನೂ ಬರ್ತೀನಿ," ಎಂದು ಹೊರಟಳು. ಚೀಲದಲ್ಲಿ ಏನೆಂದು ಕೇಳಿದೆ, "ಹುಡುಗಿಗೆ," ಎಂದಳು. ಗೋಕಾಕದಲ್ಲಿ ಉದ್ದವ್ವ ಬೀಗರಿಗೆಂದು ಅರ್ಧ ಕಿಲೋ ಕರದಂಟು ಕೊಂಡಳು. ಹುಕ್ಕೇರಿಯಲ್ಲಿ ಬಸ್ಸು ಬದಲಿಸಿದೆವು. ನನ್ನ ಹಳೆಯ ಕಚೇರಿಯ ಮುಂದೆ ಹಾದುಹೋಗುವಾಗ ನಾನು ಮುಖ ಆ ಕಡೆ ತಿರುಗಿಸಿದೆ. ಕಿಸೆಯ ಲಕೋಟೆ ಎದೆಗೆ ಒತ್ತುತ್ತಿತ್ತು.

ಹತ್ತರಗಿಯ ಮನೆಯಲ್ಲಿ ಜಮಖಾನೆ ಹಾಸಿತ್ತು. ನಾಲ್ಕು ಜನ ಹಿರಿಯರು ಕುಳಿತಿದ್ದರು. ಬಾಗಿಲ ಮರೆಯಲ್ಲಿ ಮಯೂರಿ, ಅವಳ ಪಕ್ಕ ತಾಯಿ ಸತ್ತೆವ್ವ. ಮಾಲಿಂಗ ಸ್ಟೀಲಿನ ತಟ್ಟೆಯೊಂದರಲ್ಲಿ ಪೋಚ್ ಕಾರ್ಡು ಇಟ್ಟು ಎಲೆ-ಅಡಿಕೆಯಂತೆ ಎಲ್ಲರ ಮುಂದೆ ತಿರುಗಿಸಿದ.

"ಹಿರಿಯರು ಸದರಿ ಸಹಿಯನ್ನು ಅವಲೋಕಿಸಬೇಕು," ಎಂದ. ಮಾಲಿಂಗ ಅರ್ಜಿಯ ಭಾಷೆಯಲ್ಲೇ ಮಾತಾಡುತ್ತಿದ್ದ. "ತಂಗಿ ಕಣ್ಣೀರ ಹಾಕಿ ಬರದ ಪತ್ರಕ್ಕ ಇಂಥಾ ಸಹಿ! ಈ ಸುತ್ತ ನೋಡ್ರಿ, ಈ ಬಾಲ ನೋಡ್ರಿ. ಇದು ಸಹಿ ಅಲ್ರಿ, ಸೊಕ್ಕು."

ಹಿರಿಯರೊಬ್ಬರು ಕನ್ನಡಕ ಏರಿಸಿದರು. "ಕೆಳಗ ಎರಡ ಗೀಟ ಹೊಡದಾನಲ್ಲ. ನಿಮ್ಮ ಹುಡಿಗಿ ಸಂಬಂಧ ಕಡದೇನಿ ಅಂದಂಗ ಐತಿ."

"ಮ್ಯಾಲ ಮೂರ ಚುಕ್ಕಿ," ಎಂದರು ಇನ್ನೊಬ್ಬರು. "ಸತ್ತಾವರ ಮೂರ ದಿವಸದ ಕಾರ್ಯಾ ಮಾಡಿ ಮುಗಿಸಿದಂಗ."

ನನ್ನ ಮೂರು ಚುಕ್ಕಿಗಳಲ್ಲಿ ಇಷ್ಟು ವಿಷ ಇತ್ತೆಂದು ನನಗೇ ಗೊತ್ತಿರಲಿಲ್ಲ.

"ಅದು ನನ್ನ ಸಹಿ ಅಲ್ರಿ!" ಎಂದು ಶಿವಕುಮಾರ ಒಂದು ಕಾಗದದ ಮೇಲೆ ತನ್ನ ಹೆಸರು ಬರೆದು ತೋರಿಸಿದ, ಶಾಲೆಯಲ್ಲಿ ಕಲಿಸಿದ ದುಂಡು ಅಕ್ಷರ.

ಬಾಗಿಲ ಮರೆಯಿಂದ ಮಯೂರಿಯ ದನಿ ಬಂತು. "ಮದಿವ್ಯಾಗ ಇಂಥಾದ ದುಂಡ ಸಹಿ ಮಾಡಿದ್ರು, ನನಗ ಗೊತ್ತೈತಿ. ಎರಡ ತಿಂಗಳದಾಗ ಸಹೀನ ಬದಲಾಗೈತಿ ಅಂದ್ರ ಮನಶ್ಯಾನೂ ಬದಲಾಗ್ಯಾನ. ಬ್ಯಾಡ ಬಿಡಣ್ಣಾ. ಇನ್ನ ಕಾಗದಾ ಬರ್ಯೂದ ಯಾಕ."

ಅವಳು ಅಳುತ್ತಿರಲಿಲ್ಲ, ಅದೇ ಕೆಟ್ಟದಿತ್ತು. ಶಿವಕುಮಾರ ಬಾಗಿಲ ಕಡೆ ನೋಡುತ್ತ ಕುಳಿತ. ಉದ್ದವ್ವ ಕರದಂಟಿನ ಪೊಟ್ಟಣ ಮಡಿಲಲ್ಲಿಟ್ಟುಕೊಂಡು ನನ್ನ ಕಡೆ ತಿರುಗಿದಳು. "ಯಣ್ಣಾ, ನೀ ಸಹಿ ಓದಾವ. ಒಂದ ಮಾತ ಹೇಳು."

ಎಲ್ಲರೂ ನನ್ನನ್ನೇ ನೋಡಿದರು. ನಾನು ಎದ್ದು ನಿಂತೆ.

"ಅದು ನನ್ನ ಸಹಿ," ಎಂದೆ.

ಮಾಲಿಂಗ ನಕ್ಕ. "ಚಲೋ ಮಂದಿ ಐತಿ ನಿಮ್ಮ ಓಣ್ಯಾಗ. ನೆರಿಮನಿಯಾವನ ಸಂಸಾರಕ್ಕಂತ ಇಲ್ಲದ ತಪ್ಪ ತಲಿ ಮ್ಯಾಲ ಹೊತಗೊಳ್ಳಾಕತ್ತಾರ."

"ಇಲ್ಲೋ ತಮ್ಮಾ, ಖರೇನ ನಂದು."

"ದೊಡ್ಡ ಮನಸ್ಸ ನೋಡ್ರಿ ಸಾಹೇಬರದು," ಎಂದು ಹಿರಿಯರು ತಲೆದೂಗಿದರು. ನಾನು ತಪ್ಪೊಪ್ಪಿಕೊಂಡಷ್ಟೂ ಅವರು ನನ್ನನ್ನು ಹೊಗಳತೊಡಗಿದರು. ಕೊನೆಗೆ ಮಾಲಿಂಗ ಪೆನ್ನು, ಕಾಗದ ಮುಂದಿಟ್ಟು, "ಹಂಗಾದ್ರ ಒಂದ ಸಲ ಮಾಡಿ ತೋರಸ್ರಿ," ಎಂದ.

ಎಷ್ಟು ವರ್ಷದಿಂದ ಇಂಥದೊಂದು ಸಭೆಗೆ ಕಾದಿದ್ದೆನೋ! ಎಲ್ಲರ ಕಣ್ಣು ನನ್ನ ಪೆನ್ನಿನ ಮೇಲೆ. ತಲೆಯ ಸುತ್ತು ಹಾಕಿದೆ, ಅದು ಬದನೆಕಾಯಿಯಾಯಿತು. ಬಾಲ ಬಳುಕಲಿಲ್ಲ. ಎರಡು ಗೀಟು ಒಂದರ ಮೇಲೊಂದು ಬಿದ್ದವು. ಇನ್ನೊಂದು ಮಾಡಿದೆ, ಕೋಳಿ ಕೆದರಿದಂತಾಯಿತು. ಹಿರಿಯರು ನನ್ನ ಬೆನ್ನು ಸವರಿ, "ಇರಲಿ, ಕುಂದರ್ರಿ ಸಾಹೇಬರ, ನಿಮಗ ಸುಳ್ಳ ಹೇಳಾಕ ಬರಂಗಿಲ್ಲ," ಎಂದರು.

ಆಗ ಸಾಹಿರಾ ಎದ್ದಳು. ಚೀಲವನ್ನು ಜಮಖಾನೆಯ ಮೇಲೆ ಬೋರಲು ಹಾಕಿದಳು.

ಮೂರು ವರ್ಷದ ಕ್ಯಾಲೆಂಡರುಗಳು ಬಿದ್ದವು. ಔಷಧದ ಪೊಟ್ಟಣಗಳು, ಮದುವೆಯ ಪತ್ರಿಕೆಗಳು. ಚಪ್ಪಲಿಯ ಡಬ್ಬಿಯ ರಟ್ಟು. ಕೊನೆಗೆ ಹಿಟ್ಟಿನ ಡಬ್ಬಿಯ ಮುಚ್ಚಳ ಠಣ್ಣೆಂದು ಬಿದ್ದು, ಗಿರಗಿರ ತಿರುಗಿ, ಮಾಲಿಂಗನ ಮುಂದೆ ಮಲಗಿತು. ಎಲ್ಲದರ ಮೇಲೂ ಎರಡು ಗೀಟು, ಮೂರು ಚುಕ್ಕಿ.

"ರಿಟಾಯರ್ ಆದಾಗಿಂದ ಇದ ಚಟಾ ಐತ್ರಿ ಇವರಿಗೆ," ಎಂದಳು ಸಾಹಿರಾ. "ಕುಡ್ಯೂದಿಲ್ಲ, ಸೇದೂದಿಲ್ಲ. ಸಹಿ ಮಾಡ್ತಾರ."

ಮೊದಲು ನಕ್ಕವಳು ಸತ್ತೆವ್ವ. ಆಮೇಲೆ ಹಿರಿಯರು, ಆಮೇಲೆ ಹೊರಗೆ ಕಟ್ಟೆಯ ಮೇಲಿದ್ದವರೆಲ್ಲ. ನಾನು ಖಾಕಿ ಕೋಟಿನಿಂದ ಲಕೋಟೆ ತೆಗೆದು ಶಿವಕುಮಾರನ ಕೈಗಿಟ್ಟೆ. ಉದ್ದವ್ವ ಮಾತ್ರ ನಗಲಿಲ್ಲ. "ಕರೆಂಟಿನ ಕಾಗದ ಅಂದಿದ್ಯಲ್ಲ ಅಣ್ಣಾ," ಎಂದಳು ಮೆಲ್ಲಗೆ. ಭೂಮಿ ಬಾಯಿಬಿಟ್ಟರೆ ಇಳಿದುಬಿಡುತ್ತಿದ್ದೆ. ಹತ್ತರಗಿಯ ನೆಲ ಗಟ್ಟಿ.

ಶಿವಕುಮಾರ ಲಕೋಟೆ ಒಡೆದ. ಮೊದಲರ್ಧ ಮಾಲಿಂಗನದು: 'ಸದರಿ ಪತ್ರ ತಲುಪಿದ ಎಂಟು ದಿವಸದೊಳಗಾಗಿ ತಾವು ಖುದ್ದು ಹಾಜರಾಗಿ ಸದರಿ ಮಯೂರಿ ಇವಳನ್ನು ಕರೆದುಕೊಂಡು ಹೋಗತಕ್ಕದ್ದು.' ಕೆಳಗೆ ಬೇರೆ ಕೈಯ ಅಕ್ಷರದಲ್ಲಿ ಎರಡು ಸಾಲಿದ್ದವು. ಅವುಗಳನ್ನು ಅವನು ಗಟ್ಟಿಯಾಗಿ ಓದಲಿಲ್ಲ. ಪಕ್ಕದಲ್ಲಿದ್ದ ನನ್ನ ಕಣ್ಣಿಗೆ ಬಿತ್ತು: 'ಪಂಚಮಿಗೆ ತಂದ ಸೀರಿ ಇನ್ನೂ ಉಟ್ಟಿಲ್ಲ. ನೀವು ಬಂದ ದಿನ ಉಡ್ತೀನಿ.'

ಹನ್ನೆರಡು ದಿನ ಆ ಎರಡು ಸಾಲು ನನ್ನ ಕೋಟಿನೊಳಗೆ ತೂಗುತ್ತಿದ್ದವು. ನಾನು ತಲೆ ಎತ್ತಲಿಲ್ಲ.

ಶಿವಕುಮಾರ ಎದ್ದು ಬಾಗಿಲ ಹತ್ತಿರ ಹೋಗಿ ನಿಂತ. "ಕರಿಯಾಕ ಬಂದೇನಿ," ಎಂದ. ಒಳಗಿನಿಂದ ಟ್ರಂಕಿನ ಮುಚ್ಚಳ ತೆಗೆದ ಸಪ್ಪಳ ಬಂತು. ಸ್ವಲ್ಪ ಹೊತ್ತಿಗೆ ಮಯೂರಿ ಮಡಿಕೆಯ ಗೆರೆ ಮಾಸದ ಹಸಿರು ಸೀರೆಯುಟ್ಟು ಹೊರಗೆ ಬಂದಳು. ಉದ್ದವ್ವ ಆಗ ಕರದಂಟಿನ ಪೊಟ್ಟಣ ಬಿಚ್ಚಿದಳು.

ಆದರೆ ಮಾಲಿಂಗ ಮಾಲಿಂಗನೇ. ತಂಗಿಯನ್ನು ಕಳಿಸುವ ಮೊದಲು ಒಂದು ಕಾಗದ ಬರೆದ: 'ಸದರಿ ಮಯೂರಿ ಇವಳು ಸುಸ್ಥಿತಿಯಲ್ಲಿ ಗಂಡನ ಕೈಗೆ ಮುಟ್ಟಿರುತ್ತಾಳೆ.' ಶಿವಕುಮಾರ ದುಂಡಗೆ ಸಹಿ ಮಾಡಿದ. ಕೆಳಗೆ 'ಸಾಕ್ಷಿ' ಎಂಬ ಜಾಗ ಖಾಲಿಯಿತ್ತು.

"ಸಾಕ್ಷಿ ಮೈನೋದ್ದೀನ ಕಾಕಾರದ ಆಗಬೇಕು," ಎಂದಳು ಮಯೂರಿ. ನಗುತ್ತಿದ್ದಳೋ ಸಿಟ್ಟಿನಲ್ಲಿದ್ದಳೋ ತಿಳಿಯಲಿಲ್ಲ.

ನಾನು ಅಭ್ಯಾಸಬಲದಿಂದ ಪೆನ್ನಿಗೆ ಕೈ ಚಾಚಿದೆ. ಮಾಲಿಂಗ ಪೆನ್ನನ್ನು ಕಿಸೆಗೆ ಸಿಕ್ಕಿಸಿಕೊಂಡು, ತನ್ನ ಚೀಲದಿಂದ ಶಾಯಿಯ ಡಬ್ಬಿ ತೆಗೆದು, ಮುಚ್ಚಳ ತೆರೆದು ನನ್ನ ಮುಂದಿಟ್ಟ.

"ಹೆಬ್ಬೆಟ್ಟ ಒತ್ರಿ ಕಾಕಾ."

ಮೂವತ್ತೊಂದು ವರ್ಷ ಆ ಮಂದಿಯನ್ನು ಆ ಕಡೆ ನಿಲ್ಲಿಸಿದವನು ನಾನು. ಆ ಕಡೆ ನಿಂತರೆ ಹೇಗಿರುತ್ತದೆಂದು ಅಂದು ತಿಳಿಯಿತು. ಒತ್ತಿದೆ.

ತಿರುಗಿ ಬರುವಾಗ ಬಸ್ಸಿನಲ್ಲಿ ಮಯೂರಿ ಮುಂದಿನ ಸೀಟಿನಿಂದ ತಿರುಗಿ, "ಕಾಕಾ, ಆ ಮೂರ ಚುಕ್ಕಿ ಎದಕ್ರಿ?" ಎಂದು ಕೇಳಿದಳು. ನಾನು ಹೆಬ್ಬೆರಳನ್ನು ಮುಷ್ಟಿಯೊಳಗೆ ಮಡಚಿಕೊಂಡೆ. ಉದ್ದವ್ವ ಗೋಕಾಕ ಬರುವವರೆಗೆ ನನ್ನ ಜೊತೆ ಮಾತಾಡಲಿಲ್ಲ. ಗೋಕಾಕದಲ್ಲಿ ಉಳಿದ ಒಂದು ತುಣುಕು ಕರದಂಟು ನನ್ನ ಕೈಗಿಟ್ಟಳು.

ಮನೆಗೆ ಬಂದ ಮೇಲೆ ಸಾಹಿರಾ ಹಿಟ್ಟಿನ ಡಬ್ಬಿಗೆ ಮುಚ್ಚಳ ಹಾಕಿ, ಸಾಬೂನು ತಂದು ಕೊಟ್ಟಳು. "ಬೆರಳ ನೀಲಿ ಆಗೈತಿ. ತಿಕ್ಕಿ ತೊಳಕೊರ್ರಿ."

ನಾನು ಹೆಬ್ಬೆರಳನ್ನು ಬೆಳಕಿಗೆ ಹಿಡಿದು ನೋಡಿದೆ. ಸಣ್ಣ ಸಣ್ಣ ಗೆರೆಗಳು, ಸುತ್ತಿನೊಳಗೆ ಸುತ್ತು. ಏಳು ಸಾಹೇಬರಲ್ಲಿ ಯಾರದೂ ಅಲ್ಲ.

"ಇರಲಿ ಬಿಡು," ಎಂದೆ. "ಇದೊಂದ ನಂದೈತಿ."